ಅಪ್ಪಿದ ಮರ

ದುಧನಿಯ ಸುತ್ತ ಎತ್ತ ನೋಡಿದರೂ ತೊಗರಿಯ ಹೊಲ. ನಮ್ಮ ಶಾಲೆಯ ಮಕ್ಕಳು ಹೆಗ್ಗಾಡನ್ನು ಕಂಡವರಲ್ಲ. ಮೊನ್ನೆ ಅವರಿಗೆ ಶಿರಸಿಯ ಕಡೆಯ ಸಾಲ್ಕಣಿಯ ಕತೆ ಹೇಳಿದೆನು.

ಅಲ್ಲಿಯವರಿಗೆ ಅಡಿಕೆ ತೋಟದ ಸೊಪ್ಪು, ಸೌದೆ, ಜೇನು, ತೊರೆಯ ನೀರು ಎಲ್ಲವೂ ಸಹ್ಯಾದ್ರಿಯ ಮಳೆಕಾಡಿನ ಕೊಡುಗೆ. ಆ ಕಾಡಿಗೆ ಗುತ್ತಿಗೆದಾರರ ಕೊಡಲಿ ಬಂದಾಗ, 1983ರ ಸಪ್ಟೆಂಬರ 8ರಂದು, ಊರ ಹೆಂಗಸರು ಗಂಡಸರು ನಡೆದುಹೋಗಿ ಮರಗಳನ್ನು ಅಪ್ಪಿ ನಿಂತರು. ಕಡಿತ ನಿಂತಿತು. ಅದೇ ಅಪ್ಪಿಕೊ ಚಳವಳಿ. ಹಿಮಾಲಯದ ಚಿಪ್ಕೊ ಅದಕ್ಕೆ ಹಿರಿಯಕ್ಕ.

ಪಾಠ ಮುಗಿಯುತ್ತಲೆ ಹುಡುಗಿಯೊಬ್ಬಳು ಎದ್ದು ನಿಂತಳು. “ಗುರುಗಳ, ನಮ್ಮ ಓಣ್ಯಾನ ಬೇವಿನ ಗಿಡಾ ಕಡಿಯೂವಾಗ ನೀವೆಲ್ಲಿದ್ರಿ?”

ನಾನು ಅಲ್ಲಿಯೇ ಇದ್ದೆನು, ಕೈಕಟ್ಟಿ ನಿಂತಿದ್ದೆನು. ಸಾಲ್ಕಣಿಯವರಿಗೆ ಮರವೆಂದರೆ ಬದುಕು. ನನಗೆ ಅದು ಬರಿಯ ನೆರಳಾಗಿತ್ತು. ನಿಜವನ್ನೇ ಹೇಳಿದೆನು, ಹೇಳುವಾಗ ದನಿ ತಗ್ಗಿತು.