ಥರ್ಡ್ ಶಿಫ್ಟಿಗೆ ಯಾವ ರಾಗ?

ನಮ್ಮ ಫೆಸ್ಟಿನ ಚಿತ್ರಸ್ಪರ್ಧೆಗೆ ಈ ಸಲ ಕೊಟ್ಟಿದ್ದ ವಿಷಯ ‘ಕಲ್ಪನಾ ಲೋಕ’. ಕ್ಲಾಸಿನವರೆಲ್ಲ ಡ್ರ್ಯಾಗನ್, ತೇಲುವ ಬೆಟ್ಟ, ಎರಡೆರಡು ಚಂದ್ರ ಬರೆದ್ರು. ನಾನು ಒಂದು ಊರು ಬರೆದೆ. ಊರ ನಡುವೆ ಗಡಿಯಾರದ ಗೋಪುರ, ಆದರೆ ಅದರಲ್ಲಿ ಅಂಕಿ ಇಲ್ಲ, ಮುಳ್ಳೂ ಇಲ್ಲ. ಸುತ್ತಲೂ ಎಂಟು ಕಿಟಕಿ, ಒಂದೊಂದರಲ್ಲೂ ಒಬ್ಬೊಬ್ಬ ಹಾಡುಗಾರ. ಆ ಊರಿನ ಜನ ಟೈಮ್ ನೋಡಲ್ಲ, ಕೇಳ್ತಾರೆ. ಭೈರವ ಕೇಳಿದರೆ ಏಳಬೇಕು, ಸಾರಂಗ ಕೇಳಿದರೆ ಊಟ, ಯಮನ್ ಕೇಳಿದರೆ ದೀಪ ಹಚ್ಚಬೇಕು.

ಐಡಿಯಾ ಪೂರ್ತಿ ನನ್ನದಲ್ಲ ಅಂತ ಮೊದಲೇ ಒಪ್ಪಿಕೊಂಡುಬಿಡ್ತೀನಿ. ಹಿಂದೂಸ್ತಾನಿ ಸಂಗೀತದಲ್ಲಿ ದಿನಕ್ಕೆ ಎಂಟು ಪ್ರಹರ, ಒಂದೊಂದೂ ಮೂರು ಗಂಟೆ. ಯಾವ ಪ್ರಹರಕ್ಕೆ ಯಾವ ರಾಗ ಅಂತ ಸಂಪ್ರದಾಯ ಇದೆ. ರಾಗಗಳನ್ನೇ ಚಿತ್ರವಾಗಿ ಬರೆಯುವ ರಾಗಮಾಲಾ ಪದ್ಧತಿಯೂ ಇದೆ. ಆರು ರಾಗ, ಒಂದೊಂದಕ್ಕೆ ಐದು ರಾಗಿಣಿ, ಹೀಗೆ ಒಟ್ಟು 36 ಚಿತ್ರಗಳ ಸೆಟ್ ಸಾಮಾನ್ಯ. ತೋಡಿ ಅಂದರೆ ಕಾಡಲ್ಲಿ ವೀಣೆ ಹಿಡಿದು ನಿಂತ ಹೆಣ್ಣು, ಹಾಡು ಕೇಳಲು ಬಂದ ಜಿಂಕೆಗಳು. ಒಮ್ಮೆ ನೋಡಿದರೆ ಮರೆಯಲ್ಲ.

ಇದನ್ನೆಲ್ಲ ಹುಡುಕ್ತಾ ಹುಡುಕ್ತಾ ಸಿಕ್ಕವನು ವಿಜಯಪುರದ ಎರಡನೇ ಇಬ್ರಾಹಿಂ ಆದಿಲ್ ಶಾಹ. 1580ರಿಂದ 1627ರವರೆಗೆ ಆಳಿದವನು. ‘ಕಿತಾಬ್-ಇ-ನೌರಸ್’ ಅಂತ ದಖನಿ ಭಾಷೆಯಲ್ಲಿ ಹಾಡುಗಳ ಪುಸ್ತಕ ಬರೆದ. ಹಾಡುಗಳನ್ನು ರಾಗದ ಪ್ರಕಾರ ಜೋಡಿಸಿದ. ಅದರಲ್ಲಿ ಸರಸ್ವತಿಯ ಸ್ತುತಿಯೂ ಇದೆ, ಕಲಬುರಗಿಯ ಬಂದೇನವಾಜರ ಸ್ತುತಿಯೂ ಇದೆ. ತನ್ನ ತಂಬೂರಕ್ಕೆ ‘ಮೋತಿ ಖಾನ್’ ಅಂತ ಹೆಸರಿಟ್ಟಿದ್ದ! ಅವನು ತಂಬೂರ ನುಡಿಸುತ್ತಿರುವಂತೆ ಫರ್ರೂಖ್ ಬೇಗ್ ಬರೆದ ಚಿತ್ರ ಈಗ ದೂರದ ಪ್ರಾಗ್ ನಗರದ ಮ್ಯೂಸಿಯಂನಲ್ಲಿದೆ. ಅಷ್ಟಕ್ಕೇ ಸುಮ್ಮನಾಗದೆ 1599ರಲ್ಲಿ ನೌರಸಪುರ ಅಂತ ಹೊಸ ಊರನ್ನೇ ಕಟ್ಟಿಸಲು ಶುರುಮಾಡಿದ. 1624ರಲ್ಲಿ ಮಲಿಕ್ ಅಂಬರ್‌ನ ಸೈನ್ಯ ಅದನ್ನು ಹಾಳು ಮಾಡಿತು. ತೊರವಿಯ ಹತ್ತಿರ ಸಂಗೀತ ಮಹಲಿನ ಅವಶೇಷ ಈಗಲೂ ನಿಂತಿದೆ. ನಾನು ಕಲ್ಪನೆ ಅಂದುಕೊಂಡಿದ್ದನ್ನು ಒಬ್ಬ ರಾಜ ನಮ್ಮ ರಾಜ್ಯದಲ್ಲೇ ಕಲ್ಲಲ್ಲಿ ಕಟ್ಟಿಬಿಟ್ಟಿದ್ದ.

ತೊರವಿ ಅಂದ ಕೂಡಲೇ ಅಪ್ಪ ನೆನಪಾದ್ರು. ಅವರ ಊರು ಅಲ್ಲಿಂದ ದೂರವಿಲ್ಲ. ಇಪ್ಪತ್ತು ವರ್ಷದಿಂದ ಪೀಣ್ಯದ ಒಂದು ವರ್ಕ್‌ಶಾಪಿನಲ್ಲಿ ಸಿಎನ್‌ಸಿ ಮಷಿನ್ ಮೇಲೆ ಇದ್ದಾರೆ. ಬಹುಪಾಲು ಥರ್ಡ್ ಶಿಫ್ಟ್, ರಾತ್ರಿ ಹತ್ತರಿಂದ ಬೆಳಿಗ್ಗೆ ಆರು.

ಭಾನುವಾರ ಶೀಟನ್ನು ಸುತ್ತಿಕೊಂಡು ಹೊರಟೆ. ಎಲೆಕ್ಟ್ರಾನಿಕ್ ಸಿಟಿಯಲ್ಲಿ ಹಳದಿ ಮೆಟ್ರೋ, ಆರ್.ವಿ. ರೋಡಲ್ಲಿ ಇಳಿದು ಹಸಿರು ಮೆಟ್ರೋ. ಮನೆಯಲ್ಲಿ ನೆಲದ ಮೇಲೆ ಹರಡಿ ತೋರಿಸಿದೆ. ಅಪ್ಪ ಕನ್ನಡಕ ಹಾಕಿಕೊಂಡು ಕಿಟಕಿಗಳನ್ನು ಒಂದೊಂದಾಗಿ ಬೆರಳಿಟ್ಟು ನೋಡಿದರು. ಏಳನೆಯದರ ಮೇಲೆ ಬೆರಳು ನಿಂತಿತು. ರಾತ್ರಿ ಹನ್ನೆರಡರಿಂದ ಮೂರು. ಅಲ್ಲಿ ನಾನು ಹಾಡುಗಾರನನ್ನು ಕುತ್ತಿಗೆ ವಾಲಿಸಿ ಮಲಗಿಸಿದ್ದೆ. ಕೆಳಗೆ ಊರೆಲ್ಲ ಕತ್ತಲೆ.

“ಇಂವಾ ಯಾಕ ಮಲಗ್ಯಾನ?”

“ಆ ಹೊತ್ತಲ್ಲಿ ಎಲ್ರೂ ಮಲಗಿರ್ತಾರಲ್ಲಪ್ಪ, ಯಾರಿಗೆ ಹಾಡ್ತಾನೆ?”

ಅಪ್ಪ ನಕ್ಕರು. “ಹಂಗಾರ ನಾ ಏನ್ ಮಾಡತಿರ್ತೀನಿ, ತಮ್ಮಾ?”

ನನಗೆ ಮಾತೇ ಬರಲಿಲ್ಲ. ಈ ಮನೆಯ ಊಟ, ನನ್ನ ಫೀಸು, ಆ ಕಲರ್ ಡಬ್ಬಿ, ಎಲ್ಲ ಬಂದದ್ದು ಆ ಮೂರು ಗಂಟೆಯಿಂದಲೇ. ಅದನ್ನೇ ನಾನು ಕಪ್ಪು ಬಣ್ಣ ಬಳಿದು ಮುಗಿಸಿದ್ದೆ.

“ಆ ಹೊತ್ತಿಗೆ ಮಾಲಕಂಸ ಅದ,” ಅಂದರು. “ರಿಷಭ ಇಲ್ಲ, ಪಂಚಮ ಇಲ್ಲ, ಐದ ಸ್ವರ. ಮಷಿನ್ ಓಡತಿರ್ತದಲ್ಲ, ಅದ ಶ್ರುತಿ ಹಿಡೀತದ. ನಾ ಸಣ್ಣಗ ಗುನುಗ್ತಿರ್ತೀನಿ. ಯಾರಿಗೂ ಕೇಳಂಗಿಲ್ಲ.”

ಅಪ್ಪ ಹಾಡ್ತಾರೆ ಅನ್ನೋದೇ ನನಗೆ ಗೊತ್ತಿರಲಿಲ್ಲ. ಊರಲ್ಲಿ ಭಜನಿ ಮೇಳದಲ್ಲಿ ಹಾರ್ಮೋನಿಯಂ ಬಾರಿಸ್ತಿದ್ರಂತೆ, ಕೆಲವು ವರ್ಷ ಪಾಠವೂ ಆಗಿತ್ತಂತೆ. ಇಲ್ಲಿಗೆ ಬಂದ ಮೇಲೆ ಬೆಳಿಗ್ಗೆ ಆರೂವರೆಗೆ ಮನೆ ಸೇರೋರು. ಭೈರವ ಹಾಡೋ ಹೊತ್ತಿಗೆ ಅವರಿಗೆ ಕಣ್ಣು ಎಳೆಯೋದು. ನಮ್ಮದು ಒಂದೇ ರೂಮಿನ ಮನೆ. “ಶ್, ಅಪ್ಪ ಮಲಗಿದಾರೆ” ಅಂತ ಅಮ್ಮ ಹೇಳಿದ್ದೇ ನನ್ನ ಬಾಲ್ಯದ ಬೆಳಗಿನ ಹಾಡು. ಟಿಫನ್ ಡಬ್ಬಿ ಮುಚ್ಚೋದು ಕೂಡ ಬಟ್ಟೆ ಸುತ್ತಿ. ಅಪ್ಪ ಮೌನದ ಮನುಷ್ಯ ಅಂದುಕೊಂಡೇ ದೊಡ್ಡವನಾದೆ. ಮೌನವಾಗಿದ್ದದ್ದು ನಾವು, ಅವರ ನಿದ್ದೆಗೋಸ್ಕರ.

“ಈಗ ಒಂದ್ಸಲ ಹಾಡಪ್ಪ” ಅಂದೆ. ಗಡಿಯಾರ ನೋಡಿದರು. ಹನ್ನೊಂದೂವರೆ, ಹಗಲು.

“ಈಗ ಅದರ ಟೈಮ್ ಅಲ್ಲ.” ಅಷ್ಟೇ.

ಸ್ಪರ್ಧೆಯಲ್ಲಿ ನನಗೆ ಬಹುಮಾನ ಬರಲಿಲ್ಲ, ಡ್ರ್ಯಾಗನ್ ಗೆದ್ದಿತು. ಚೆನ್ನಾಗೇ ಇತ್ತು ಬಿಡಿ. ಸ್ಪರ್ಧೆ ಮುಗಿದ ಮೇಲೆ ಶೀಟ್ ವಾಪಸ್ ತಗೊಂಡು ಏಳನೇ ಕಿಟಕಿಯನ್ನು ಮತ್ತೆ ಬರೆದೆ. ಕಪ್ಪಿನ ಮೇಲೆ ಬಣ್ಣ ಕೂರೋದು ಕಷ್ಟ, ಮೂರು ಕೋಟ್ ಬೇಕಾಯ್ತು. ಟ್ಯೂಬ್‌ಲೈಟಿನ ಬಿಳಿ ಬೆಳಕು, ಮಷಿನ್ನು, ನೀಲಿ ಯೂನಿಫಾರ್ಮಿನ ಒಬ್ಬ ಮನುಷ್ಯ. ಜಿಂಕೆಗಳ ಜಾಗದಲ್ಲಿ ಬೀದಿನಾಯಿಗಳು. ಅಪ್ಪ ಟೀ ಕುಡಿಯೋಕೆ ಹೊರಗೆ ಬಂದಾಗ ಎರಡು ನಾಯಿ ಬಿಸ್ಕತ್ತಿಗೆ ಕಾಯ್ತಿರ್ತಾವಂತೆ.

ಇಂಟರ್ನಲ್ಸ್ ಹಿಂದಿನ ರಾತ್ರಿ. ಸಿಗ್ನಲ್ಸ್ ಓದ್ತಾ ಎರಡು ಗಂಟೆ ಆಗಿತ್ತು. ಅವರ ಟೀ ಬ್ರೇಕ್ ಹೊತ್ತು ಅಂತ ನೆನಪಾಗಿ ಫೋನ್ ಮಾಡಿದೆ.

“ಯಾಕೋ ತಮ್ಮಾ, ಏನಾತು?” ಗಾಬರಿಯಾಗಿದ್ದರು.

“ಏನಿಲ್ಲಪ್ಪ. ಈಗ ಟೈಮ್ ಆಯ್ತಲ್ಲ?”

ಸ್ವಲ್ಪ ಹೊತ್ತು ಮಾತಿಲ್ಲ. ಲಾರಿ ಹೋದ ಸದ್ದು. ಗಂಟಲು ಸರಿಮಾಡಿಕೊಂಡರು. ಆಮೇಲೆ ಶುರುಮಾಡಿದರು. ಎರಡೇ ನಿಮಿಷ, ನಡುವೆ ಒಂದು ಕಡೆ ಸ್ವರ ಜಾರಿತು, ಒಂದು ನಾಯಿ ಬೊಗಳಿತು. ಯಾರೋ “ಬನ್ನಿ ಅಣ್ಣಾ, ಟೈಮ್ ಆಯ್ತು” ಅಂತ ಕೂಗಿದ್ದೂ ಕೇಳಿಸಿತು.

“ಓದ ಹೋಗು” ಅಂತ ಅಪ್ಪ ಫೋನ್ ಇಟ್ಟರು. ಅವತ್ತು ನಾನು ಓದಲಿಲ್ಲ, ಇಂಟರ್ನಲ್ಸ್ ಮಾರ್ಕ್ಸ್ ಕೇಳಬೇಡಿ.