ಆರು ರನ್ನಿನ ಸಾಲ

"ಎಷ್ಟಾಯ್ತೋ ಸ್ಕೋರು?"

ರಣಜಿ ಸೀಸನ್ ಶುರುವಾಯ್ತು ಅಂದ್ರೆ ನಮ್ಮನೇಲಿ ಹತ್ತು ಗಂಟೆಯ ಎರಡನೇ ಕಾಫಿ ಜೊತೆ ಬರೋ ಪ್ರಶ್ನೆ ಇದು. ಕೇಳೋರು ನಮ್ಮಪ್ಪ, ಈಗ ಎಂಬತ್ತು. ವಿದ್ಯಾರಣ್ಯಪುರಂನ ಇದೇ ಮನೆ ಜಗಲಿ ಮೇಲೆ ಕೂತು, ಚಾಮುಂಡಿ ಬೆಟ್ಟ ನೋಡ್ತಾ, ಗಾಳಿ ತಿರುಗಿದಾಗ ಸೂಯೆಜ್ ಫಾರಂ ವಾಸನೆಗೆ ಮೂಗು ಮುಚ್ಚಿಕೊಳ್ತಾ, ಕರ್ನಾಟಕ ಟೀಮಿನ ಬಗ್ಗೆ ಯೋಚನೆ ಮಾಡೋದು ಅವರ ಉದ್ಯೋಗ. ಐಪಿಎಲ್ ಅಂದ್ರೆ ಆಗಲ್ಲ. "ಅದು ಬೇರೆ ಊರಿನವರು ನಮ್ಮೂರ ಅಂಗಿ ಹಾಕ್ಕೊಂಡು ಆಡೋದು ಕಣೋ" ಅಂತಾರೆ. ರಣಜಿ ಆಡೋರು ಮಾತ್ರ "ನಮ್ಮ ಹುಡುಗ್ರು".

ಈ ನಮ್ಮ ಹುಡುಗ್ರು ಹೇಗೆ ಆಡ್ತಿದ್ದಾರೆ ಅನ್ನೋದರ ಬಗ್ಗೆ ಒಂದು ಲೆಕ್ಕ ಬರೀಬೇಕು ಅಂತ ಬಹಳ ದಿನದಿಂದ ಅಂದ್ಕೊಂಡಿದ್ದೆ. 2026ರ ಫೆಬ್ರವರಿಯಲ್ಲಿ ಹುಬ್ಬಳ್ಳಿ ಫೈನಲ್ ಮುಗಿದ ಮೇಲೆ ಬರೀಲೇಬೇಕು ಅನ್ನಿಸ್ತು. ಆದ್ರೆ ಹುಬ್ಬಳ್ಳಿಗೆ ಹೋಗೋ ಮುಂಚೆ ಗಂಗೋತ್ರಿಗೆ ಹೋಗಬೇಕು.

2010, ಜನವರಿ 14. ಸಂಕ್ರಾಂತಿ. ಗಂಗೋತ್ರಿ ಗ್ಲೇಡ್ಸ್‌ನಲ್ಲಿ (ಈಗ ಶ್ರೀಕಂಠದತ್ತ ನರಸಿಂಹರಾಜ ಒಡೆಯರ್ ಮೈದಾನ) ರಣಜಿ ಫೈನಲ್‌ನ ನಾಲ್ಕನೇ ದಿನ. ಎದುರಿಗೆ ಮುಂಬೈ. ಮೊದಲ ಇನ್ನಿಂಗ್ಸ್‌ನಲ್ಲಿ ಅವರು 233, ನಾವು ಬರೀ 130. ಎರಡನೇ ಸಲ ಅವರು 234. ಅದರಲ್ಲಿ ಬೌಲರ್ ಧವಳ್ ಕುಲಕರ್ಣಿಯೇ 87 ಹೊಡೆದುಬಿಟ್ಟಿದ್ದ. ನಮಗೆ ಬೇಕಾಗಿದ್ದು 338. ಹಬ್ಬದ ದಿನ ಮನೆ ಬಿಟ್ಟು ಹೋಗೋದಕ್ಕೆ ಅಮ್ಮ ಒಪ್ಪಿರಲಿಲ್ಲ. ಅಪ್ಪ ಬೆಳಿಗ್ಗೆ ಐದಕ್ಕೇ ಎದ್ದು ಪೂಜೆ ಮುಗಿಸಿ, ಶರ್ಟಿನ ಜೇಬಿಗೆ ಎಳ್ಳುಬೆಲ್ಲದ ಪೊಟ್ಟಣ ಹಾಕ್ಕೊಂಡು, "ಪ್ರಸಾದ ಕೊಟ್ಟು ಬರ್ತೀವಿ" ಅಂತ ಹೇಳಿ ನನ್ನ ಸ್ಕೂಟರ್ ಹಿಂದೆ ಕೂತರು. ಯಾರಿಗೆ ಪ್ರಸಾದ ಅಂತ ಅಮ್ಮ ಕೇಳಲಿಲ್ಲ. ಗೊತ್ತಿತ್ತು ಅನ್ಸುತ್ತೆ.

ಅಂಥಾ ಜನ ನಾನು ಮೈಸೂರಲ್ಲಿ ದಸರಾದಲ್ಲಿ ಬಿಟ್ರೆ ಬೇರೆಲ್ಲೂ ನೋಡಿಲ್ಲ. ಮನೀಶ್ ಪಾಂಡೆ ಮತ್ತು ಗಣೇಶ್ ಸತೀಶ್ ನಾಲ್ಕನೇ ವಿಕೆಟ್‌ಗೆ 209 ಸೇರಿಸಿದರು. ಪಾಂಡೆ 144, ಸತೀಶ್ 75. ಅಕ್ಕಪಕ್ಕದಲ್ಲಿ ಕೂತಿದ್ದೋರಿಗೆಲ್ಲ ಅಪ್ಪ ಎಳ್ಳುಬೆಲ್ಲ ಹಂಚಿದರು, ಗುರುತಿಲ್ಲದ ಪೊಲೀಸಿನವರಿಗೂ ಕೊಟ್ಟರು. 255ಕ್ಕೆ ಮೂರು ವಿಕೆಟ್! ಇನ್ನು 83 ರನ್, ಕೈಯಲ್ಲಿ ಏಳು ವಿಕೆಟ್. ಪೊಟ್ಟಣ ಖಾಲಿಯಾಯ್ತು. ಆಮೇಲೆ ಏನಾಯ್ತು ಅಂತ ಬಿಡಿಸಿ ಹೇಳೋಕೆ ಈಗಲೂ ಕಷ್ಟ. 331ಕ್ಕೆ ಆಲೌಟ್. ಆರು ರನ್ನಿಂದ ಸೋಲು. ಮುಂಬೈಗೆ 39ನೇ ಕಪ್ಪು.

ವಾಪಸ್ ಬರುವಾಗ ಅಪ್ಪ ದಾರಿಯುದ್ದಕ್ಕೂ ಮಾತಾಡಲಿಲ್ಲ. ಮನೆ ಗೇಟ್ ಹತ್ತಿರ ಇಳಿದು, "ಆರು ರನ್ನು... ಒಂದು ಫೋರು, ಒಂದು ಎರಡು. ಅಷ್ಟೇ ಅಲ್ವೇನೋ" ಅಂದರು. "ಮುಂದಿನ ಸಲ ಗೆಲ್ತಾರೆ ಅಪ್ಪ. ಫೈನಲ್ ಎಲ್ಲೇ ಆಗ್ಲಿ ನಿಮ್ಮನ್ನ ಕರ್ಕೊಂಡು ಹೋಗ್ತೀನಿ" ಅಂದುಬಿಟ್ಟೆ. ಹೇಳೋವಾಗ ಏನು ಖರ್ಚು ಹೇಳಿ!

ಗೆದ್ದಿದ್ದು ನಿಜ. 2013-14ರಲ್ಲಿ ಗೆದ್ದರು, 2014-15ರಲ್ಲೂ ಗೆದ್ದರು. ಎರಡೂ ವರ್ಷ ರಣಜಿ, ಇರಾನಿ, ವಿಜಯ್ ಹಜಾರೆ ಮೂರೂ ನಮ್ಮದೇ. ಎರಡನೇ ಫೈನಲ್ ಮುಂಬೈನ ವಾಂಖೆಡೆಯಲ್ಲಿ ತಮಿಳುನಾಡಿನ ಮೇಲೆ. ಕರುಣ್ ನಾಯರ್ 328, ರಾಹುಲ್ 188, ನಾಯಕ ವಿನಯ್ ಕುಮಾರ್ ಐದು ವಿಕೆಟ್ ತೆಗೆದು ಸೆಂಚುರಿಯನ್ನೂ ಹೊಡೆದರು. ನಾನು ಅಪ್ಪನ್ನ ಕರ್ಕೊಂಡು ಹೋದ್ನಾ? ಇಲ್ಲ. ಒಂದು ವರ್ಷ ಮಗಳ ನಾಮಕರಣ, ಇನ್ನೊಂದು ವರ್ಷ ಆಫೀಸಲ್ಲಿ ಆಡಿಟ್. ಆಗ ಹೇಗಿತ್ತು ಅಂದ್ರೆ, ಈ ಹುಡುಗ್ರು ಪ್ರತೀ ವರ್ಷ ಗೆಲ್ತಾರೆ, ಯಾವಾಗ ಬೇಕಾದ್ರೂ ಹೋಗಬಹುದು ಅನ್ನೋ ಧೈರ್ಯ.

ಆಮೇಲಿಂದ ಲೆಕ್ಕ ನೋಡಿ. 2015-16ರಿಂದ 2025-26ರ ತನಕ ಹತ್ತು ಸೀಸನ್ (2020-21ರಲ್ಲಿ ಕೊರೋನಾದಿಂದ ರಣಜಿಯೇ ನಡೀಲಿಲ್ಲ). ನಾಕೌಟ್‌ಗೇ ಹೋಗದೆ ಇದ್ದಿದ್ದು ಎರಡು ಸಲ, ಕ್ವಾರ್ಟರ್‌ನಲ್ಲಿ ಸೋತಿದ್ದು ಮೂರು ಸಲ, ಸೆಮಿಯಲ್ಲಿ ನಾಲ್ಕು ಸಲ, ಫೈನಲ್‌ನಲ್ಲಿ ಒಂದು ಸಲ. ಇದು ಕೆಟ್ಟ ಟೀಮಿನ ಲೆಕ್ಕ ಅಲ್ಲ ಸ್ವಾಮಿ. ಕೆಟ್ಟ ಟೀಮಾಗಿದ್ರೆ ಅಪ್ಪ ಯಾವಾಗಲೋ ಕೈ ಬಿಟ್ಟು ಆರಾಮಾಗಿ ಇರ್ತಿದ್ರು. ಹತ್ತರಲ್ಲಿ ಎಂಟು ಸಲ ಬಾಗಿಲ ತನಕ ಬಂದು ಚಪ್ಪಲಿ ಬಿಡೋವಾಗ ಎಡವಿ ಬೀಳೋ ಟೀಮು ಇದು.

ಎಡವೋ ರೀತಿ ಕೂಡ ಒಂದೇ. ಮೂರು ದಿನ ಚೆನ್ನಾಗಿ ಆಡ್ತಾರೆ, ಒಂದು ಸೆಷನ್‌ನಲ್ಲಿ ಎಲ್ಲ ಕೊಟ್ಟುಬಿಡ್ತಾರೆ. 2016ರ ಡಿಸೆಂಬರ್‌ನಲ್ಲಿ ವಿಶಾಖಪಟ್ಟಣದಲ್ಲಂತೂ ಆ ಮೂರು ದಿನವೂ ಇಲ್ಲ. ತಮಿಳುನಾಡಿನ ಎದುರು 88ಕ್ಕೆ ಆಲೌಟ್, ಎರಡೇ ದಿನದಲ್ಲಿ ಮ್ಯಾಚ್ ಮುಗೀತು. 2020ರಲ್ಲಿ ಈಡನ್ ಗಾರ್ಡನ್ಸ್‌ನಲ್ಲಿ ಬಂಗಾಳದ ವಿರುದ್ಧ ಸೆಮಿಯಲ್ಲಿ 122. 2022ರಲ್ಲಿ ಆಲೂರಿನಲ್ಲಿ, ನಮ್ಮದೇ ನೆಲದಲ್ಲಿ, ಉತ್ತರ ಪ್ರದೇಶದ ವಿರುದ್ಧ ಎರಡನೇ ಇನ್ನಿಂಗ್ಸ್ 114. 2023ರಲ್ಲಿ ಮಯಾಂಕ್ ಅಗರ್‌ವಾಲ್ ಒಬ್ಬನೇ 249 ಹೊಡೆದ ಸೆಮಿಯನ್ನೂ ಸೌರಾಷ್ಟ್ರಕ್ಕೆ ಬಿಟ್ಟುಕೊಟ್ಟರು.

ಇವೆಲ್ಲಕ್ಕಿಂತ ಹೆಚ್ಚು ಚುಚ್ಚಿದ್ದು 2017ರ ಡಿಸೆಂಬರ್‌ನ ಈಡನ್ ಸೆಮಿಫೈನಲ್. ವಿದರ್ಭ. ಗೆಲ್ಲೋಕೆ 198 ಸಾಕಿತ್ತು. ಕೊನೇ ದಿನ ಬೆಳಿಗ್ಗೆ ಮೂರು ವಿಕೆಟ್ ಇಟ್ಟುಕೊಂಡು 87 ಬೇಕಿತ್ತು. ವಿನಯ್, ಮಿಥುನ್, ಶ್ರೇಯಸ್ ಗೋಪಾಲ್ ಒಂದೊಂದಾಗಿ ಎಳೆದು ಎಳೆದು 81 ಮಾಡಿದರು. ಐದು ರನ್ನಿಂದ ಸೋಲು. ರಜನೀಶ್ ಗುರ್ಬಾನಿ ಏಳು ವಿಕೆಟ್ ತೆಗೆದ. ಅಪ್ಪ ಅವತ್ತು ಗುರ್ಬಾನಿ ಬಗ್ಗೆ ಒಂದು ಮಾತೂ ಆಡಲಿಲ್ಲ. ಅವರ ಸಿಟ್ಟೆಲ್ಲ ವಿದರ್ಭದ ಎರಡನೇ ಇನ್ನಿಂಗ್ಸ್‌ನಲ್ಲಿ 81 ಹೊಡೆದವನ ಮೇಲೆ. ಯಾರು ಗೊತ್ತಾ? ಗಣೇಶ್ ಸತೀಶ್. ಅದೇ ಗಂಗೋತ್ರಿಯಲ್ಲಿ 75 ಹೊಡೆದಿದ್ದ ನಮ್ಮ ಹುಡುಗ. ಇಲ್ಲಿ ಜಾಗ ಸಿಗದೆ ನಾಗಪುರಕ್ಕೆ ಹೋಗಿದ್ದ. "ನಾನು ಅವನಿಗೆ ಅಂತ ಎಳ್ಳು ಹಂಚಿದ್ದೆ ಕಣೋ" ಅಂದರು ಅಪ್ಪ. ನನಗೆ ನಗಬೇಕೋ ಅಳಬೇಕೋ ಗೊತ್ತಾಗಲಿಲ್ಲ.

ಕರುಣ್ ನಾಯರ್ ಕಥೆ ಎಲ್ಲರಿಗೂ ಗೊತ್ತಿರೋದೇ. ಚೆನ್ನೈನಲ್ಲಿ ಇಂಗ್ಲೆಂಡ್ ಮೇಲೆ 303 ಹೊಡೆದವನು ಕರ್ನಾಟಕ ಟೀಮಿನಲ್ಲೇ ಜಾಗ ಕಳಕೊಂಡು 2023ರಲ್ಲಿ ವಿದರ್ಭಕ್ಕೆ ಹೋದ. 2024ರ ಕ್ವಾರ್ಟರ್‌ನಲ್ಲಿ ವಿದರ್ಭ ನಮ್ಮನ್ನ 127 ರನ್ನಿಂದ ಸೋಲಿಸಿದಾಗ ಅವನು ಆ ಕಡೆ. ಮರು ವರ್ಷ ನಾವು ಗ್ರೂಪ್ ದಾಟಲಿಲ್ಲ. ಅವನು ಫೈನಲ್‌ನಲ್ಲಿ ಸೆಂಚುರಿ ಹೊಡೆದು ವಿದರ್ಭಕ್ಕೆ ಕಪ್ಪು ಗೆಲ್ಲಿಸಿದ. ಅದೇ ಸೀಸನ್‌ನ ವಿಜಯ್ ಹಜಾರೆ ಫೈನಲ್‌ನಲ್ಲಿ ಮಾತ್ರ ಅವನ ವಿದರ್ಭವನ್ನ ನಾವು 36 ರನ್ನಿಂದ ಸೋಲಿಸಿದ್ವಿ. ಸ್ಮರಣ್ ಸೆಂಚುರಿ ಹೊಡೆದಿದ್ದು ಆವತ್ತೇ.

ಇಲ್ಲೇ ನನಗೆ ಒಂದು ಸಂಶಯ. ಒಂದು ದಿನದ ಮ್ಯಾಚಲ್ಲಿ, ಟ್ವೆಂಟಿ-20ಯಲ್ಲಿ ನಾವು ಕಪ್ಪು ಗೆಲ್ತಾನೇ ಬಂದಿದ್ದೀವಿ. 2017-18, 2019-20, 2024-25ರಲ್ಲಿ ವಿಜಯ್ ಹಜಾರೆ, 2018-19 ಮತ್ತು 2019-20ರಲ್ಲಿ ಮುಷ್ತಾಕ್ ಅಲಿ. ಅಂದ ಮೇಲೆ ಹುಡುಗ್ರಿಗೆ ಒತ್ತಡ ತಡಕೊಳ್ಳೋ ಶಕ್ತಿ ಇಲ್ಲ ಅನ್ನೋ ಹೋಟೆಲ್ ಕಟ್ಟೆ ಮಾತನ್ನ ನಾನು ಒಪ್ಪಲ್ಲ. ಒತ್ತಡ ಅಲ್ಲೂ ಇರುತ್ತೆ. ಚಿಕ್ಕ ಮ್ಯಾಚಲ್ಲಿ ಒಬ್ಬ ಬ್ಯಾಟ್ಸ್‌ಮನ್ ನಿಂತರೆ ಸಾಕು, ಬೌಲರ್‌ಗಳು ರನ್ ತಡೆದರೆ ಸಾಕು. ನಾಲ್ಕೈದು ದಿನದ ಮ್ಯಾಚಲ್ಲಿ ವಿಕೆಟ್ ಕೀಳಲೇಬೇಕು. 2013ರಿಂದ 15ರ ತನಕ ನಮಗೆ ವಿನಯ್, ಮಿಥುನ್, ಅರವಿಂದ್ ಅಂತ ಮೂರು ಜನ ಇದ್ದರು. ಒಬ್ಬ ಸುಸ್ತಾದ್ರೆ ಇನ್ನೊಬ್ಬ. ಪಿಚ್ ಸತ್ತಿದ್ದರೂ ಎಸೀತಾನೇ ಇರೋರು. ಅವರು ಒಟ್ಟಿಗೆ ಬೆಳೆದರು, ಹೆಚ್ಚುಕಮ್ಮಿ ಒಟ್ಟಿಗೇ ಮುಗಿದರು. ಆಮೇಲೆ ಬಂದವರಲ್ಲಿ ಪ್ರಸಿದ್ಧ್ ಕೃಷ್ಣ ಇಂಡಿಯಾ ಟೀಮಿಗೆ ಇಲ್ಲ ಗಾಯಕ್ಕೆ, ನಮಗೆ ಸಿಕ್ಕಿದ್ದು ಕಮ್ಮಿ. ಕೊಡಗಿನ ವಿದ್ವತ್ ಕಾವೇರಪ್ಪ, ವೈಶಾಕ್ ಒಳ್ಳೇ ಬೌಲರ್‌ಗಳೇ. ಆದ್ರೆ ಮೂರು ಜನ ಮೂರು ವರ್ಷ ಬಿಡದೆ ಒಟ್ಟಿಗೆ ಹಾಕೋ ಭಾಗ್ಯ ಈ ಟೀಮಿಗೆ ಬರಲಿಲ್ಲ. ಬ್ಯಾಟಿಂಗ್ ಕುಸಿತವನ್ನ ನಾವೆಲ್ಲ ನೆನಪಿಟ್ಟುಕೊಳ್ತೀವಿ. ಆ ಕುಸಿತಕ್ಕೆ ಮುಂಚೆ ಎದುರಾಳಿಯ ಬಾಲ ಎಷ್ಟು ಹೊತ್ತು ಆಡ್ತು ಅಂತ ಯಾರೂ ನೋಡಲ್ಲ. ಆ ಕುಲಕರ್ಣಿಯ 87 ನೋಡಿ ಬೇಕಾದ್ರೆ.

ಇನ್ನೊಂದು ವಿಷಯ. ಸಣ್ಣ ಟೀಮು ಅನ್ನೋದು ಈಗ ಉಳಿದಿಲ್ಲ. 1974ರಲ್ಲಿ ಕರ್ನಾಟಕ ಅನ್ನೋ ಹೆಸರಲ್ಲಿ ಆಡಿದ ಮೊದಲ ಸೀಸನ್‌ನಲ್ಲೇ ಪ್ರಸನ್ನ ನಾಯಕತ್ವದಲ್ಲಿ ಬೊಂಬಾಯಿಯ ಹದಿನೈದು ವರ್ಷದ ದರ್ಬಾರನ್ನ ನಾವು ಮುಗಿಸಿದ್ವಿ. ಅಪ್ಪ ಅದನ್ನ ರೇಡಿಯೋದಲ್ಲಿ ಕೇಳಿದ್ದರು, ಈಗಲೂ ಆ ಸೆಮಿಫೈನಲ್‌ನಲ್ಲಿ ವಿಶ್ವನಾಥ್ ಹೊಡೆದ 162ನ್ನ ಮೊನ್ನೆ ನಡೆದಂಗೆ ಹೇಳ್ತಾರೆ. ನಾವು ಆಗ ಬೊಂಬಾಯಿಗೆ ಮಾಡಿದ್ದನ್ನ ಈಗ ಬೇರೆಯವರು ನಮಗೆ ಮಾಡ್ತಿದ್ದಾರೆ. ವಿದರ್ಭ ಮೊದಲ ಕಪ್ಪು ಗೆದ್ದ ವರ್ಷ ಸೆಮಿಯಲ್ಲಿ ದಾಟಿದ್ದು ನಮ್ಮನ್ನ.

2025ರ ಜೂನ್ 3ರ ರಾತ್ರಿ ಭೂತಾಳೆ ಮೈದಾನದ ಕಡೆಯಿಂದ ಪಟಾಕಿ ಶಬ್ದ ಕೇಳಿ ಅಪ್ಪ ಎದ್ದು ಬಂದರು. ಆರ್‌ಸಿಬಿ ಗೆದ್ದಿತ್ತು, ಹದಿನೆಂಟನೇ ಸೀಸನ್‌ನಲ್ಲಿ. "ಎಷ್ಟು ರನ್ನಿಂದ?" "ಆರು." ಸ್ವಲ್ಪ ಹೊತ್ತು ಸುಮ್ಮನಿದ್ದು, "ಓಹೋ, ಸಾಲ ತೀರಿಸಿದ್ರಾ" ಅಂದರು. (2009ರ ಐಪಿಎಲ್ ಫೈನಲ್ ಕೂಡ ಆರ್‌ಸಿಬಿ ಸೋತಿದ್ದು ಆರೇ ರನ್ನಿಂದ. ಅದು ಅಪ್ಪನ ಲೆಕ್ಕದಲ್ಲಿ ಇಲ್ಲ, ನನ್ನ ಲೆಕ್ಕದಲ್ಲಿದೆ.) ಮಾರನೇ ದಿನ ಚಿನ್ನಸ್ವಾಮಿ ಹೊರಗೆ ಹನ್ನೊಂದು ಜನ ಸತ್ತರು. ಆಮೇಲೆ ನಮ್ಮನೇಲಿ ಆ ಗೆಲುವಿನ ಮಾತು ಬರಲಿಲ್ಲ.

ಆ ಸೀಸನ್ನಿಗೆ ಕರುಣ್ ವಾಪಸ್ ಬಂದ, ಶ್ರೇಯಸ್ ಗೋಪಾಲ್ ಕೂಡ ಬಂದಿದ್ದ. ಕರುಣ್, ಸ್ಮರಣ್ ಇಬ್ಬರೂ ಡಬಲ್ ಸೆಂಚುರಿ ಹೊಡೆದರು. ಕ್ವಾರ್ಟರ್‌ನಲ್ಲಿ ಮುಂಬೈಯನ್ನ ಮುಂಬೈಯಲ್ಲೇ ಸೋಲಿಸಿದಾಗ ಅಪ್ಪ ಇಪ್ಪತ್ತು ವರ್ಷ ಚಿಕ್ಕವರಾದ್ರು. ಸೆಮಿಯಲ್ಲಿ ಉತ್ತರಾಖಂಡದ ಮೇಲೆ ಏಳುನೂರಕ್ಕೂ ಮೇಲೆ ರನ್ನು. ಹನ್ನೊಂದು ವರ್ಷದ ಮೇಲೆ ಫೈನಲ್, ಅದೂ ಹುಬ್ಬಳ್ಳಿಯಲ್ಲಿ, ಎದುರಿಗೆ ಮೊದಲ ಸಲ ಫೈನಲ್‌ಗೆ ಬಂದ ಜಮ್ಮು-ಕಾಶ್ಮೀರ. ರಾಹುಲ್, ಪಡಿಕ್ಕಲ್, ಮಯಾಂಕ್, ಕರುಣ್, ಪ್ರಸಿದ್ಧ್ ಎಲ್ಲರೂ ಇದ್ದರು.

"ಅಪ್ಪ, ಹೋಗೋಣ್ವಾ?" ಅಂದೆ. ಹದಿನಾರು ವರ್ಷ ತಡವಾಗಿ. ಡಾಕ್ಟರ್ ಹತ್ತಿರ ಕೇಳಿ, ಕೊನೇ ಎರಡು ದಿನ ನೋಡೋ ಲೆಕ್ಕದಲ್ಲಿ ರೈಲಿಗೆ ಎರಡು ಟಿಕೆಟ್ ಮಾಡಿಸಿದೆ, ಲೋಯರ್ ಬರ್ತ್. ಅಪ್ಪ ಮಫ್ಲರ್ ಒಗೆದು ಇಟ್ಟುಕೊಂಡರು.

ಮೊದಲ ದಿನ ಅವರು ಬ್ಯಾಟ್ ಮಾಡಿದರು. ಎರಡನೇ ದಿನಾನೂ ಬ್ಯಾಟ್ ಮಾಡಿದರು. ಮೂರನೇ ದಿನ ಬೆಳಿಗ್ಗೆ ಆಲೌಟ್ ಆಗೋ ಹೊತ್ತಿಗೆ 584. ನಾನು ಮೇಲೆ ಹೇಳಿದೆನಲ್ಲ, ವಿಕೆಟ್ ಕೀಳೋ ವಿಷಯ... ಪ್ರಸಿದ್ಧ್ ಐದು ತೆಗೆದ, ಆದ್ರೆ ಐದೂ ಬರೋ ಹೊತ್ತಿಗೆ ಮ್ಯಾಚ್ ಅರ್ಧ ಮುಗಿದಿತ್ತು. ಆಮೇಲೆ ಔಕಿಬ್ ನಬಿ ಬೌಲಿಂಗ್. ಮಯಾಂಕ್ ಒಬ್ಬ ನಿಂತು 160 ಹೊಡೆದ, ಉಳಿದವರು ಬಂದರು, ಹೋದರು. ನಮ್ಮದು 293. ಮೊದಲ ಇನ್ನಿಂಗ್ಸ್‌ನಲ್ಲೇ 291 ಹಿಂದೆ ಬಿದ್ದ ಮೇಲೆ ಡ್ರಾ ಆದ್ರೂ ಕಪ್ಪು ಅವರದೇ. ಅವರಿಗೆ ಅದು ಮೊದಲ ರಣಜಿ. ಚೆನ್ನಾಗಿ ಆಡಿ ಗೆದ್ದರು, ಅದರಲ್ಲಿ ಎರಡು ಮಾತಿಲ್ಲ.

ಮೂರನೇ ದಿನ ಸಂಜೆ ನಮ್ಮ ಐದು ವಿಕೆಟ್ ಬಿದ್ದಾಗಿತ್ತು, ಆ ರಾತ್ರಿಯೇ ರೈಲು. "ಏನ್ಮಾಡೋಣ ಅಪ್ಪ?" ಅಂತ ಕೇಳಿದೆ. "ಸೋಲೋದು ನೋಡೋಕೆ ಅಷ್ಟು ದೂರ ಯಾಕೋ. ಗಂಗೋತ್ರಿಯಲ್ಲೇ ನೋಡಿದ್ವಲ್ಲ" ಅಂದರು. ನಾನು ಟಿಕೆಟ್ ಕ್ಯಾನ್ಸಲ್ ಮಾಡ್ತಾ ಕೂತೆ. ಅಪ್ಪ ಒಳಗೆ ಹೋಗಿ ಮಫ್ಲರ್ ಬೀರುವಿನಲ್ಲಿ ಇಟ್ಟು, ಬಾಗಿಲು ಹಾಕಿ, ಮತ್ತೆ ಜಗಲಿಗೆ ಬಂದರು.

"ಮಯಾಂಕ್ ಇದ್ದಾನೇನೋ ಇನ್ನೂ?"

"ಇದ್ದಾನೆ, ಅಪ್ಪ."

"ಹಾಗಾದ್ರೆ ಬೆಳಿಗ್ಗೆ ಸ್ಕೋರ್ ಹೇಳು."