ಆದೇಶಸಂಧಿ

ಶಾಸನಸಭೆಯ ಚುನಾವಣೆಯ ಫಲ ಹೊರಬಿದ್ದ ಮರುದಿನದಿಂದ ನಮ್ಮ ಮನೆಗಳಲ್ಲಿ ಒಂದು ಪ್ರಶ್ನೆ ಕೇಳಿಬರುತ್ತದೆ. ಗೆದ್ದ ಪಕ್ಷ ಯಾವುದೆಂಬುದು ಇತ್ಯರ್ಥವಾಯಿತಷ್ಟೆ. ಇನ್ನು ಅದಕ್ಕೆ ನಾಯಕರು ಯಾರು? ಕಾಫಿಯ ಲೋಟ ಹಿಡಿದು ಪತ್ರಿಕೆ ಓದುವ ಹಿರಿಯರೂ, ತರಕಾರಿ ಹೆಚ್ಚುತ್ತಿರುವ ಗೃಹಿಣಿಯರೂ, ಹಾಲು ತರುವ ಹುಡುಗನೂ ಈ ವಿಷಯದಲ್ಲಿ ತಮ್ಮ ತಮ್ಮ ಅಭಿಪ್ರಾಯವುಳ್ಳವರೇ ಆಗಿರುತ್ತಾರೆ. ಸದಸ್ಯರನ್ನು ಆರಿಸಿ ಕಳುಹಿಸಿದವರು ಇವರು. ಈ ಎರಡನೆಯ ಆಯ್ಕೆಯಲ್ಲಿ ಮಾತ್ರ ಇವರಿಗೆ ಮತವಿಲ್ಲ.

ಎಷ್ಟೋ ವೇಳೆ ಸದಸ್ಯರಿಗೂ ಇರುವುದಿಲ್ಲ. 2023ನೆಯ ಇಸವಿಯ ಮೇ ತಿಂಗಳಲ್ಲಿ ಕಾಂಗ್ರೆಸ್ ಪಕ್ಷದ 135 ಮಂದಿ ಗೆದ್ದುಬಂದು ಬೆಂಗಳೂರಿನಲ್ಲಿ ಸಭೆ ಸೇರಿದರು. ನಾಯಕರನ್ನು ಗೊತ್ತುಮಾಡುವ ಅಧಿಕಾರವನ್ನು ಪಕ್ಷದ ಅಖಿಲ ಭಾರತದ ಅಧ್ಯಕ್ಷರಿಗೆ ಒಪ್ಪಿಸುವ ಒಂದು ಸಾಲಿನ ನಿರ್ಣಯವಾಯಿತು. ದೆಹಲಿಯಿಂದ ಬಂದ ವೀಕ್ಷಕರು ಸದಸ್ಯರ ಅಭಿಪ್ರಾಯವನ್ನು ಕೇಳಿಕೊಂಡು ಹಿಂದಿರುಗಿದರು. ಕೆಲವು ದಿನ ನಾಡೆಲ್ಲ ಉತ್ತರದಿಕ್ಕಿಗೆ ಮುಖಮಾಡಿ ನಿಂತಿತ್ತು. ಮೇ 20ರಂದು ಸಿದ್ದರಾಮಯ್ಯನವರು ಮುಖ್ಯಮಂತ್ರಿಗಳಾಗಿ ಪ್ರಮಾಣ ಸ್ವೀಕರಿಸಿದರು. ಇನ್ನೊಂದು ಬಗೆಯನ್ನೂ ಕಂಡಿದ್ದೇವೆ. 2011ರ ಆಗಸ್ಟ್ ತಿಂಗಳಲ್ಲಿ ಭಾರತೀಯ ಜನತಾ ಪಕ್ಷದ ಸದಸ್ಯರು ಸದಾನಂದ ಗೌಡರು, ಜಗದೀಶ ಶೆಟ್ಟರ್ ಎಂಬ ಇಬ್ಬರ ನಡುವೆ ಗುಪ್ತಮತದಾನ ಮಾಡಿ ಸದಾನಂದ ಗೌಡರನ್ನು ಆರಿಸಿದರು. ಮರುವರುಷವೇ ಆ ಸ್ಥಾನಕ್ಕೆ ಶೆಟ್ಟರ್ ಅವರು ಬಂದರು. ಈ ಎರಡು ಬಗೆಗಳಲ್ಲಿ ಯಾವುದು ಮೇಲು ಎಂದು ವಾದಿಸುವವರು ಬಹಳ ಮಂದಿ ಇದ್ದಾರೆ. ಸಂವಿಧಾನವನ್ನು ಕೇಳಿದರೆ ಅದು ಮೌನವಾಗಿದೆ. ಮುಖ್ಯಮಂತ್ರಿಯನ್ನು ರಾಜ್ಯಪಾಲರು ನೇಮಿಸತಕ್ಕದ್ದೆಂದು 164ನೆಯ ವಿಧಿ ಹೇಳುತ್ತದೆ. ಪಕ್ಷದವರು ತಮ್ಮ ನಾಯಕರನ್ನು ಕೈಯೆತ್ತಿ ಆರಿಸಬೇಕೋ, ಚೀಟಿ ಬರೆದು ಆರಿಸಬೇಕೋ ಎಂಬುದನ್ನು ಅದು ಪಕ್ಷದವರ ವಿವೇಕಕ್ಕೇ ಬಿಟ್ಟಿದೆ.

ನಮ್ಮ ಕುತೂಹಲವು ಆರಿಸುವ ಬಗೆಯಲ್ಲಿ ಅಷ್ಟಾಗಿ ಇಲ್ಲ. ನಾಯಕನಾದವನು ಆ ಸ್ಥಾನದಿಂದ ಹೇಗೆ ಇಳಿದುಬರುತ್ತಾನೆಂಬುದರಲ್ಲಿ ಇದೆ. ಈ ದೃಷ್ಟಿಯಿಂದ ನೋಡಿದರೆ ನಮ್ಮ ರಾಜ್ಯದ ಚರಿತ್ರೆಯಲ್ಲಿ 1962ನೆಯ ಇಸವಿಯ ಬೇಸಗೆಯಷ್ಟು ವಿಚಾರಾರ್ಹವಾದ ಕಾಲ ಇನ್ನೊಂದಿಲ್ಲ.

ಆ ವರುಷದ ಚುನಾವಣೆಯಲ್ಲಿ ಮೈಸೂರು ರಾಜ್ಯದ 208 ಸ್ಥಾನಗಳಲ್ಲಿ 138ನ್ನು ಕಾಂಗ್ರೆಸ್ ಪಕ್ಷವು ಪಡೆಯಿತು. ಪಕ್ಷವೇನೋ ಗೆದ್ದಿತು, ಅದರ ಮುಂದಾಳುಗಳಾಗಿದ್ದ ಎಸ್. ನಿಜಲಿಂಗಪ್ಪನವರು ಮಾತ್ರ ಹೊಸದುರ್ಗದಲ್ಲಿ ಸೋತರು. 1956ರಲ್ಲಿ ಏಕೀಕೃತ ರಾಜ್ಯದ ಮೊದಲನೆಯ ಮುಖ್ಯಮಂತ್ರಿಗಳಾಗಿದ್ದವರು, 1958ರಲ್ಲಿ ಪಕ್ಷದೊಳಗಿನ ಭಿನ್ನಮತದಿಂದ ಸ್ಥಾನ ಬಿಟ್ಟು ಬಿ. ಡಿ. ಜತ್ತಿಯವರಿಗೆ ಎಡೆಮಾಡಿಕೊಟ್ಟವರು, ಈಗ ಮರಳಿ ಬರತಕ್ಕ ಹೊತ್ತಿನಲ್ಲಿ ಬಾಗಿಲಲ್ಲೇ ಮುಗ್ಗರಿಸಿದಂತಾಯಿತು. ಸಭೆಯ ಸದಸ್ಯನಲ್ಲದವನೂ ಆರು ತಿಂಗಳವರೆಗೆ ಮಂತ್ರಿಯಾಗಿರಬಹುದೆಂದು ಕಾನೂನಿನಲ್ಲಿ ಎಡೆಯುಂಟು. ಮುಂದೆ 1983ರಲ್ಲಿ ರಾಮಕೃಷ್ಣ ಹೆಗಡೆಯವರು ಸಭೆಯ ಸದಸ್ಯರಾಗಿಲ್ಲದೆಯೇ ಮುಖ್ಯಮಂತ್ರಿಗಳಾಗಿ, ಆಮೇಲೆ ಕನಕಪುರದಿಂದ ಆರಿಸಿಬಂದರು. ಆದರೆ ಹೆಗಡೆಯವರು ಆ ಚುನಾವಣೆಯಲ್ಲಿ ನಿಂತಿರಲಿಲ್ಲ. ನಿಜಲಿಂಗಪ್ಪನವರು ನಿಂತು ಸೋತಿದ್ದರು. ಸೋತವರು ಒಡನೆಯೇ ಗದ್ದುಗೆಯೇರುವುದಕ್ಕೆ ಆ ಕಾಲದವರು ಹಿಂಜರಿದಿರಬೇಕೆಂದು ನಮ್ಮ ಊಹೆ. ಅಂತೂ ಅವರ ಕಡೆಯವರು ಹುನಗುಂದದ ಸದಸ್ಯರಾದ ಎಸ್. ಆರ್. ಕಂಠಿಯವರನ್ನು ಮುಂದೆಮಾಡಿದರು. ಮಾರ್ಚ್ 14ರಂದು ಕಂಠಿಯವರು ಮುಖ್ಯಮಂತ್ರಿಗಳಾದರು. ಬಾಗಲಕೋಟೆಯಿಂದ ಗೆದ್ದಿದ್ದ ಸದಸ್ಯರು ತಮ್ಮ ಸ್ಥಾನವನ್ನು ತೆರವುಮಾಡಿದರು; ನಿಜಲಿಂಗಪ್ಪನವರು ಅಲ್ಲಿಂದ ಆರಿಸಿಬಂದರು. ಜೂನ್ ತಿಂಗಳ ಮೂರನೆಯ ವಾರದಲ್ಲಿ ಕಂಠಿಯವರು ಎದ್ದು ಅವರಿಗೆ ಸ್ಥಾನವನ್ನು ಒಪ್ಪಿಸಿದರು. ನೂರು ದಿನ ತುಂಬಿರಲಿಲ್ಲ.

ಇದಕ್ಕೆ ಮೊದಲೂ ಅಲ್ಪಕಾಲದ ಮುಖ್ಯಮಂತ್ರಿಗಳು ಇದ್ದರು. ವಿಧಾನಸೌಧವನ್ನು ಕಟ್ಟಿಸಿದ ಕೆಂಗಲ್ ಹನುಮಂತಯ್ಯನವರು ಆ ಕಟ್ಟಡ ಮುಗಿದ 1956ರಲ್ಲಿಯೇ ತಮ್ಮ ಪಕ್ಷದವರ ವಿಶ್ವಾಸವನ್ನು ಕಳೆದುಕೊಂಡು ಹೊರಬಂದಾಗ, ಕಡಿದಾಳ್ ಮಂಜಪ್ಪನವರು ಆಗಸ್ಟ್ 19ರಿಂದ ಅಕ್ಟೋಬರ್ ಕೊನೆಯವರೆಗೆ ರಾಜ್ಯಭಾರವನ್ನು ನಡೆಸಿದರು. ಆದರೆ ಅವರ ಅವಧಿಯನ್ನು ಪಂಚಾಂಗವೇ ಗೊತ್ತುಮಾಡಿತ್ತು. ನವೆಂಬರ್ 1ಕ್ಕೆ ಮುಂಬಯಿ, ಹೈದರಾಬಾದು ಮೊದಲಾದ ಸೀಮೆಗಳ ಕನ್ನಡಿಗರು ಬಂದು ಸೇರತಕ್ಕವರು. ಅಂದು ಹೊಸ ನಾಯಕರ ಆಯ್ಕೆ ಆಗಲೇಬೇಕು. ಕಂಠಿಯವರಿಗೆ ಅಂತಹ ಕಟ್ಟು ಯಾವುದೂ ಇರಲಿಲ್ಲ. ಅವರನ್ನು ಕಟ್ಟಿಹಾಕಿದ್ದುದು ಬಾಯಿಮಾತು ಒಂದೇ. ಅಕ್ಷರದಲ್ಲಿ ನೋಡಿದರೆ ಅವರು ಪೂರ್ಣಾಧಿಕಾರವುಳ್ಳ ಮುಖ್ಯಮಂತ್ರಿಗಳು.

ನಮ್ಮ ತಂದೆಯವರು ಆಗ ಹೊಸದುರ್ಗದ ಸೀಮೆಯಲ್ಲಿ ಕೆಲಸದಲ್ಲಿದ್ದರು. ನಾವಿನ್ನೂ ಹುಟ್ಟಿರಲಿಲ್ಲ. ಯಾರಿಗೆ ಮತವಿತ್ತರೆಂಬುದನ್ನು ಅವರು ಕೊನೆಯವರೆಗೂ ಹೇಳಲಿಲ್ಲ, ಆದರೆ ಈ ಪ್ರಸಂಗವನ್ನು ನೆನೆದಾಗಲೆಲ್ಲ ಒಂದು ಪ್ರಶ್ನೆಯನ್ನು ಹಾಕುತ್ತಿದ್ದರು: "ಹೊಸದುರ್ಗದವರು ಬೇಡವೆಂದುದನ್ನು ಬಾಗಲಕೋಟೆಯವರು ಬೇಕೆಂದರೆ, ಇಬ್ಬರಲ್ಲಿ ಪ್ರಜೆಗಳು ಯಾರು?" ಪ್ರಶ್ನೆ ಸುಲಭವಾದುದಲ್ಲ. ಬಸ್ಸಿನ ಕಿಟಕಿಯಿಂದ ಟವಲು ಹಾಕಿ ಜಾಗ ಹಿಡಿಯುವಂತೆ ಒಂದು ರಾಜ್ಯದ ಮುಖ್ಯಸ್ಥಾನವನ್ನು ಹಿಡಿದಿರಿಸುವುದು ಚೆಂದವೇ ಎಂದು ಕೇಳುವವರಿಗೆ ನಾವು ಎದುರಾಡಲಾರೆವು. ಆದರೆ ಟವಲು ಹಾಕಿದವರ ವಿಷಯ ಬೇರೆ, ಟವಲಿನ ವಿಷಯ ಬೇರೆ. ನಮಗೆ ಬೇಕಾಗಿರುವುದು ಟವಲಿನ ಮನಸ್ಸು.

ಕಂಠಿಯವರನ್ನು ರಾಮಾಯಣದ ಭರತನಿಗೆ ಹೋಲಿಸುವುದು ಸುಲಭ. ನಮಗೆ ಆ ಹೋಲಿಕೆ ಪೂರ್ತಿಯಾಗಿ ಒಪ್ಪಿಗೆಯಾಗಿಲ್ಲ. ಭರತನು ಸಿಂಹಾಸನದ ಮೇಲೆ ಕೂರಲೇ ಇಲ್ಲ. ಪಾದುಕೆಗಳನ್ನು ಕೂರಿಸಿ ತಾನು ನಂದಿಗ್ರಾಮದಲ್ಲಿ ಜಟಾಧಾರಿಯಾಗಿ ಇದ್ದನು. ರುಚಿಯನ್ನೇ ನೋಡದವನಿಗೆ ಬಿಡುವುದು ಅಷ್ಟು ಕಷ್ಟವಲ್ಲ. ಕಂಠಿಯವರಾದರೋ ಕುಳಿತರು, ಕಡತಗಳಿಗೆ ರುಜು ಹಾಕಿದರು, ಸಭೆಗೆ ಉತ್ತರ ಕೊಟ್ಟರು. ಕುಳಿತು ಎದ್ದವರು ಅವರು.

ವೃತ್ತಿಯ ಚಾಪಲ್ಯದಿಂದ ನಮಗೆ ಹೊಳೆಯುವ ಹೋಲಿಕೆ ವ್ಯಾಕರಣದ್ದು. ಆದೇಶಸಂಧಿಯನ್ನು ವಾಚಕರೆಲ್ಲರೂ ಬಾಲ್ಯದಲ್ಲಿ ಉರುಹೊಡೆದವರೇ. ಮಳೆ, ಕಾಲ ಎಂಬ ಪದಗಳು ಸೇರುವಾಗ ಕಕಾರವು ಹೋಗಿ ಆ ಸ್ಥಳಕ್ಕೆ ಗಕಾರ ಬಂದು ಮಳೆಗಾಲವಾಗುತ್ತದೆ. ಹೋದದ್ದು ಸ್ಥಾನಿ, ಬಂದದ್ದು ಆದೇಶ. ಪಾಣಿನಿಯ ಶಾಸ್ತ್ರದಲ್ಲಿ ಇದಕ್ಕೆ ಬಹಳ ವಿಸ್ತಾರವಿದೆ. ಆದೇಶವಾಗಿ ಬಂದುದಕ್ಕೆ ಕೆಲವು ವಿಷಯಗಳನ್ನು ಬಿಟ್ಟು ಸ್ಥಾನಿಯ ಹಕ್ಕುಗಳೆಲ್ಲ ಬರುತ್ತವೆ. 'ಅಸ್ತಿ' ಎಂದು ವರ್ತಮಾನದಲ್ಲಿ ಮೆರೆಯುವ ಧಾತುವು ಭವಿಷ್ಯತ್ಕಾಲಕ್ಕೆ ಬಂದೊಡನೆ ತಾನು ನಿಲ್ಲಲಾರದೆ ಭೂ ಧಾತುವಿಗೆ ಎಡೆಬಿಡುತ್ತದೆ. 'ಭವಿಷ್ಯತಿ' ಎಂಬ ರೂಪ ಸಿದ್ಧಿಸುತ್ತದೆ. ಈಗ ಇರುವವನೇ ಬೇರೆ, ಮುಂದೆ ಇರತಕ್ಕವನೇ ಬೇರೆ! ಪತ್ರಿಕೆಗಳಲ್ಲಿ ರಾಜಕೀಯದ ಭವಿಷ್ಯ ಬರೆಯುವವರು ಈ ಪ್ರಕರಣವನ್ನು ಒಮ್ಮೆ ಓದಿಕೊಳ್ಳಬಹುದು. ಕಚೇರಿಯ ಕನ್ನಡದಲ್ಲಿ ಆದೇಶವೆಂದರೆ ಅಪ್ಪಣೆ ಎಂದರ್ಥ. ನಮ್ಮ ಪಕ್ಷಗಳಲ್ಲಿ ಎರಡೂ ಅರ್ಥಗಳು ಕೂಡಿಕೊಂಡಿರುವುದನ್ನು ವಾಚಕರು ಬಲ್ಲರು. ಮೇಲಿನಿಂದ ಆದೇಶ ಬರುತ್ತದೆ. ಒಬ್ಬರ ಸ್ಥಾನದಲ್ಲಿ ಇನ್ನೊಬ್ಬರು ಆದೇಶವಾಗುತ್ತಾರೆ.

ಆದರೆ ಮಳೆಗಾಲದ ಗಕಾರವು ಒಂದು ದಿನ ಎದ್ದು, "ಕಕಾರವೇ, ನಿನ್ನ ಜಾಗ ಇದು, ಬಾ" ಎಂದು ಕರೆದುದನ್ನು ನಾವು ಮೂವತ್ತೈದು ವರುಷ ಪಾಠ ಹೇಳಿಯೂ ಕಾಣಲಿಲ್ಲ.

ಬಲವಂತದ ಆದೇಶ ಹೇಗಿರುತ್ತದೆಂಬುದನ್ನು 1990ರಲ್ಲಿ ಕಂಡೆವು. ನಾವು ಆಗ ಹೊಸದಾಗಿ ಕೆಲಸಕ್ಕೆ ಸೇರಿದ್ದ ಉಪಾಧ್ಯಾಯರು. ಹಿಂದಿನ ವರುಷದ ಚುನಾವಣೆಯಲ್ಲಿ ಕಾಂಗ್ರೆಸ್ ಪಕ್ಷವು 178 ಸ್ಥಾನಗಳನ್ನು ಗೆದ್ದು ವೀರೇಂದ್ರ ಪಾಟೀಲರನ್ನು ನಾಯಕರನ್ನಾಗಿ ಮಾಡಿಕೊಂಡಿತ್ತು. ಪಾಟೀಲರು ಕಾಯಿಲೆ ಬಿದ್ದರು. ಪಕ್ಷದ ಅಧ್ಯಕ್ಷರಾದ ರಾಜೀವ ಗಾಂಧಿಯವರು ಅಕ್ಟೋಬರ್ ತಿಂಗಳಲ್ಲಿ ಬೆಂಗಳೂರಿಗೆ ಬಂದು, ಹಿಂದಿರುಗುವಾಗ ವಿಮಾನನಿಲ್ದಾಣದಲ್ಲಿ ಪತ್ರಿಕೆಯವರ ಎದುರಿಗೆ, ಹೊಸ ನಾಯಕರು ಬರುವರೆಂದು ತಿಳಿಸಿದರು. ರಾಜ್ಯದಲ್ಲಿ ಒಂದು ವಾರ ರಾಷ್ಟ್ರಪತಿಗಳ ಆಳ್ವಿಕೆ ನಡೆದು, ಆಮೇಲೆ ಬಂಗಾರಪ್ಪನವರು ಮುಖ್ಯಮಂತ್ರಿಗಳಾದರು. ನಮ್ಮ ಶಾಲೆಯ ಉಪಾಧ್ಯಾಯರ ಕೊಠಡಿಯಲ್ಲಿ ಪಾಟೀಲರ ರಾಜಕೀಯವನ್ನು ಒಪ್ಪದವರೂ ಇದ್ದರು. ಹಾಸಿಗೆ ಹಿಡಿದ ಮನುಷ್ಯನಿಗೆ ಹೀಗಾಗಬಾರದಿತ್ತೆಂದು ಅಂದು ಅವರೂ ಹೇಳಿದರು.

ಈ ಸಂಗತಿಗಳನ್ನೆಲ್ಲ ನಾವು ಪತ್ರಿಕೆಯ ಓದುಗರಾಗಿ ದೂರದಿಂದ ತೂಗುತ್ತಿದ್ದೆವು. ಕಳೆದ ವರುಷ ತಕ್ಕಡಿಯೊಳಕ್ಕೆ ನಾವೇ ಕೂರಬೇಕಾಯಿತು. ನಮ್ಮ ಊರಿನ ವಾಚನಾಲಯದ ಅಧ್ಯಕ್ಷರು ನಮಗೆ ಬಹುಕಾಲದ ಸ್ನೇಹಿತರು. ಅವರಿಗೆ ಹೃದಯದ ಶಸ್ತ್ರಚಿಕಿತ್ಸೆಯಾಗಿ ನಾಲ್ಕು ತಿಂಗಳು ವಿಶ್ರಾಂತಿ ಬೇಕಾಯಿತು. ಸಮಿತಿಯವರು ಅಲ್ಲಿಯವರೆಗೆ ನಮ್ಮನ್ನು ಕೂರಿಸಿದರು. ವಾಚನಾಲಯ ಎಷ್ಟರದು, ರಾಜ್ಯ ಎಷ್ಟರದು ಎಂದು ನಗತಕ್ಕವರು ನಗಲಿ. ಎಪ್ಪತ್ತು ಮಂದಿ ಸದಸ್ಯರು, ಎರಡು ಕೊಠಡಿ, ಒಂದು ಗೊಂಚಲು ಬೀಗದಕೈ. ಇಷ್ಟೆ ನಮ್ಮ ಸಾಮ್ರಾಜ್ಯ.

ಆ ನಾಲ್ಕು ತಿಂಗಳಲ್ಲಿ ನಾವು ಸುಮ್ಮನೆ ಕೂರಲಿಲ್ಲ. ಹಳೆಯ ಮಾಸಪತ್ರಿಕೆಗಳಿಗೆ ರಟ್ಟು ಕಟ್ಟಿಸಿದೆವು. ಸಂಜೆ ಐದರಿಂದ ಆರರವರೆಗೆ ಹೆಂಗಸರಿಗೆಂದೇ ಒಂದು ವೇಳೆಯನ್ನು ಗೊತ್ತುಮಾಡಿದೆವು. ಒಳಗೋಡೆಯ ಕತ್ತಲಲ್ಲಿದ್ದ ಪತ್ರಿಕೆಯ ಮೇಜನ್ನು ಕಿಟಕಿಯ ಬೆಳಕಿಗೆ ತಂದೆವು. ಓದುಗರು ಮೆಚ್ಚಿದರು. ಅಧ್ಯಕ್ಷರು ಗುಣವಾಗಿ ಬೆಳಗಿನ ತಿರುಗಾಟಕ್ಕೆ ಹೊರಡುವಂತಾದ ವಾರ, ಭಾನುವಾರ ಮಧ್ಯಾಹ್ನ, ಸಮಿತಿಯ ಇಬ್ಬರು ನಮ್ಮ ಮನೆಗೆ ಬಂದರು. "ಮೇಷ್ಟ್ರೇ, ತಾವೇ ಮುಂದುವರಿಯಬೇಕು. ಅವರ ಮೈ ಇನ್ನೂ ನಾಜೂಕು. ಭಾರ ಇಳಿಸಿದರೆ ಅವರಿಗೂ ಉಪಕಾರವೇ" ಎಂದರು.

ಆಸೆಯು ಆಸೆಯ ವೇಷದಲ್ಲಿ ಬಂದಿದ್ದರೆ ಗುರುತಿಸಬಹುದಾಗಿತ್ತು. ಅದು ಕರ್ತವ್ಯದ ವೇಷದಲ್ಲಿಯೂ ಸ್ನೇಹಿತರ ಆರೋಗ್ಯದ ವೇಷದಲ್ಲಿಯೂ ಬಂದು ಜಗಲಿಯ ಮೇಲೆ ಕುಳಿತು ಕಾಫಿ ಕುಡಿಯಿತು. ಅವರು ಹೇಳಿದುದರಲ್ಲಿ ಸುಳ್ಳೇನೂ ಇರಲಿಲ್ಲ. ನಾವು ಕೆಲಸವನ್ನು ಚೆನ್ನಾಗಿಯೇ ಮಾಡಿದ್ದೆವು. ಮೂರು ರಾತ್ರಿ ನಿದ್ದೆ ತೆಳುವಾಯಿತು. ಮನೆಯಾಕೆ ಇದನ್ನು ಗಮನಿಸಿ, "ಉಳಿಯಿರೆಂದು ಅವರಾಗಿ ಕೇಳಿದರೋ, ನೀವು ಕೇಳಿಸಿಕೊಂಡಿರೋ?" ಎಂದು ಒಂದೇ ಮಾತು ಹೇಳಿ ಒಳಗೆ ಹೋದರು.

ಆ ರಾತ್ರಿಗಳಲ್ಲಿ ನಮಗೆ ಕಂಠಿಯವರ ನೆನಪು ಬಂದಿತು. ಎಪ್ಪತ್ತು ಮಂದಿಯ ವಾಚನಾಲಯಕ್ಕೆ ಇಬ್ಬರು ಭಾನುವಾರದ ಅತಿಥಿಗಳಾದರೆ, ಒಂದು ರಾಜ್ಯದ ಮುಖ್ಯಮಂತ್ರಿಯ ಬಾಗಿಲಿಗೆ ಎಷ್ಟು ಮಂದಿ ಬರಬಲ್ಲರೆಂಬುದನ್ನು ವಾಚಕರೇ ಲೆಕ್ಕಹಾಕಬಹುದು. ಕಂಠಿಯವರು ಅಸಮರ್ಥರೂ ಆಗಿರಲಿಲ್ಲ. ಮುಖ್ಯಮಂತ್ರಿಗಳಾಗುವುದಕ್ಕೆ ಮೊದಲು 1956ರಿಂದ 1962ರವರೆಗೆ ಅವರು ಸಭಾಧ್ಯಕ್ಷರಾಗಿದ್ದರು. ಎತ್ತರದ ಪೀಠದಲ್ಲಿ ಐದು ವರುಷ ಕುಳಿತು, ಕೆಳಗಿನವರು ಬರುವುದನ್ನೂ ಹೋಗುವುದನ್ನೂ ನೋಡಿದವರಿಗೆ ಪೀಠದ ಸ್ವಭಾವ ತಿಳಿದಿರಬೇಕು. ಇದು ನಮ್ಮ ಊಹೆಯಷ್ಟೆ. ಸ್ಥಾನವನ್ನು ಬಿಟ್ಟ ಮೇಲೆ ಅವರು ಮುನಿಸಿಕೊಂಡು ಊರಿಗೆ ಹೋಗಲಿಲ್ಲವೆಂಬುದು ಮಾತ್ರ ಊಹೆಯಲ್ಲ. ತಾವು ಯಾರಿಗೆ ಸ್ಥಾನವನ್ನು ಒಪ್ಪಿಸಿದರೋ ಅವರ ಮಂತ್ರಿಮಂಡಲದಲ್ಲಿಯೇ ವಿದ್ಯಾಮಂತ್ರಿಗಳಾಗಿ ಕುಳಿತರು. ವಿಜಾಪುರದ ಸೈನಿಕ ಶಾಲೆಯು 1963ರಲ್ಲಿ ಅವರ ಕಾಲದಲ್ಲಿಯೇ ಆರಂಭವಾದುದು. ಮೊದಲನೆಯ ಕುರ್ಚಿಯಿಂದ ಎದ್ದು ಹೊರಗೆ ಹೋಗುವುದಕ್ಕಿಂತ, ಅದೇ ಕೊಠಡಿಯಲ್ಲಿ ಪಕ್ಕದ ಕುರ್ಚಿಗೆ ಸರಿಯುವುದು ಕಷ್ಟವೆಂದು ನಮಗೆ ತೋರುತ್ತದೆ. ಹೊರಗೆ ಹೋದವನಿಗೆ ತ್ಯಾಗಿಯೆಂಬ ಹೆಸರಾದರೂ ಬರುತ್ತದೆ; ಪಕ್ಕಕ್ಕೆ ಸರಿದವನು ದಿನವೂ ಹತ್ತು ಗಂಟೆಗೆ ಬಂದು ಕಡತ ನೋಡಬೇಕು.

ಬುಧವಾರ ಸಮಿತಿಯನ್ನು ಕರೆದೆವು. ಬೀಗದಕೈಗಳ ಗೊಂಚಲನ್ನೂ ಲೆಕ್ಕದ ಪುಸ್ತಕವನ್ನೂ ಸ್ನೇಹಿತರ ಮುಂದಿಟ್ಟೆವು. ಅವರು ಕನ್ನಡಕ ಹಾಕಿಕೊಂಡು ಲೆಕ್ಕವನ್ನು ಸಾವಕಾಶವಾಗಿ ನೋಡಿದರು, ಸರಿಯಾಗಿದೆಯೆಂದರು. ಭಾನುವಾರದ ಅತಿಥಿಗಳಿಬ್ಬರೂ ಎಲ್ಲರಿಗಿಂತ ಮೊದಲು ಚಪ್ಪಾಳೆ ತಟ್ಟಿದರು. ನಮ್ಮನ್ನು ಪುಸ್ತಕಗಳ ಆಯ್ಕೆಯ ಉಪಸಮಿತಿಗೆ ಹಾಕಿದ್ದಾರೆ.

ಹೆಂಗಸರ ವೇಳೆಯನ್ನು ಸ್ನೇಹಿತರು ಹಾಗೆಯೇ ಉಳಿಸಿಕೊಂಡರು. ಪತ್ರಿಕೆಯ ಮೇಜನ್ನು ಮಾತ್ರ, ಬಿಸಿಲಿಗೆ ಕಾಗದ ಹಳದಿಯಾಗುವುದೆಂದು ಹೇಳಿ, ಮೊದಲಿದ್ದ ಒಳಗೋಡೆಯ ಪಕ್ಕಕ್ಕೇ ಹಾಕಿಸಿದ್ದಾರೆ. ನಾವು ಈಗ ಅಲ್ಲಿಯೇ ಕುಳಿತು ಪತ್ರಿಕೆ ಓದುತ್ತಿದ್ದೇವೆ. ಕನ್ನಡಕದ ಗಾಜನ್ನು ಬದಲಾಯಿಸಬೇಕಾಗಿದೆ.